ಹೊಳೆಗಳ ಜಾಡಿನಲ್ಲಿ ತೈನೋ ನಾಡು

ಬುಧವಾರ, ಸಾನ್ ಹುವಾನ್

ಪೋರ್ಟೊರಿಕೊಗೆ ಬರುವವರಲ್ಲಿ ಹೆಚ್ಚಿನವರು ಬರುವುದು ಕಡಲತೀರಕ್ಕೆ. ನಾನು ಮತ್ತು ಮಗಳು ಬಂದದ್ದು ಒಳನಾಡಿನ ಗುಡ್ಡಗಳಿಗಾಗಿ. ಕೆರಿಬಿಯನ್ ದ್ವೀಪಗಳ ಮೂಲನಿವಾಸಿಗಳಾದ ತೈನೋ ಜನರ ನೆಲೆಗಳು ಇಲ್ಲಿ ಹತ್ತಿರ ಹತ್ತಿರದಲ್ಲಿವೆ. ಬಾಡಿಗೆ ಕಾರೊಂದಿದ್ದರೆ ದ್ವೀಪವನ್ನು ಒಂದು ಸುತ್ತು ಹಾಕಿ ನೋಡಿ ಬರಬಹುದು. ಮಗಳು ಕಾಲೇಜಿನಲ್ಲಿ ಸ್ಪ್ಯಾನಿಷ್ ಓದುತ್ತಿದ್ದಾಳೆ. ದಾರಿಯುದ್ದಕ್ಕೂ ನನ್ನ ಕಿವಿಯೂ ಬಾಯಿಯೂ ಅವಳೇ.

ಶಾಲೆಯಲ್ಲಿ ನಾವು ಕೊಲಂಬಸ್‌ನನ್ನು ಓದಿದ್ದೇವೆ, ಅವನು ದಡ ಮುಟ್ಟಿದಾಗ ಎದುರಿಗೆ ನಿಂತಿದ್ದವರನ್ನು ಓದಿಲ್ಲ. ಬಹಾಮಾಸ್, ಕ್ಯೂಬಾದ ಪೂರ್ವಭಾಗ, ಜಮೈಕಾ, ಇಂದಿನ ಹೈಟಿ ಮತ್ತು ಡೊಮಿನಿಕನ್ ಗಣರಾಜ್ಯಗಳಿರುವ ಹಿಸ್ಪಾನಿಯೋಲಾ, ಈ ಪೋರ್ಟೊರಿಕೊ, ಇವೆಲ್ಲ ಅವರ ನೆಲ. ಈ ದ್ವೀಪವನ್ನು ಅವರು ಬೊರಿಕೇನ್ ಎನ್ನುತ್ತಿದ್ದರು. ಇಲ್ಲಿಯವರು ಇವತ್ತಿಗೂ ತಮ್ಮನ್ನು ಬೊರಿಕುವಾ ಎಂದು ಕರೆದುಕೊಳ್ಳುತ್ತಾರೆ. ಟೀ ಶರ್ಟಿನ ಮೇಲೆ, ಕಾರಿನ ಗಾಜಿನ ಮೇಲೆ, ಎಲ್ಲೆಲ್ಲೂ ಆ ಹೆಸರು ಕಾಣುತ್ತದೆ.

ಹಳೇ ಸಾನ್ ಹುವಾನಿನ ಕೋಟೆ, ಬಣ್ಣಬಣ್ಣದ ಮನೆಗಳು, ಕಲ್ಲು ಹಾಸಿದ ಬೀದಿ ಎಲ್ಲ ಚೆಂದವೇ. ಅವುಗಳ ಬಗ್ಗೆ ಬರೆದವರು ಬೇಕಾದಷ್ಟಿದ್ದಾರೆ. ನಾವು ನೇರ ಹೋದದ್ದು ಬಯಾಹಾ ಎಂಬ ಹಳೆಯ ಸೈನಿಕ ವಸತಿ ಕಟ್ಟಡದ ಎರಡನೇ ಅಂತಸ್ತಿಗೆ. ಅಲ್ಲಿ ಅಮೆರಿಕಾ ಖಂಡಗಳ ವಸ್ತುಸಂಗ್ರಹಾಲಯವಿದೆ. ಇದರ ಹಿಂದಿದ್ದವರು ರಿಕಾರ್ಡೊ ಅಲೆಗ್ರಿಯಾ. ಪೋರ್ಟೊರಿಕೊದ ಪುರಾತತ್ವಕ್ಕೆ ಒಂದು ನೆಲೆ ಕಟ್ಟಿಕೊಟ್ಟವರು, 1955ರಲ್ಲಿ ಶುರುವಾದ ಪೋರ್ಟೊರಿಕೊ ಸಂಸ್ಕೃತಿ ಸಂಸ್ಥೆಯ ಮೊದಲ ನಿರ್ದೇಶಕರು. ಅವರ ಹೆಸರು ಮುಂದೆಯೂ ಬರುತ್ತದೆ.

ಸಂಜೆ ಪ್ರಧಾನ ಚರ್ಚಿಗೆ ಹೋದೆವು. ಈ ದ್ವೀಪವನ್ನು ಸ್ಪೇನಿಗಾಗಿ ಹಿಡಿದ ಹ್ವಾನ್ ಪೋನ್ಸೆ ದೆ ಲೆಯೋನ್‌ನ ಸಮಾಧಿ ಅಲ್ಲಿದೆ. 1508ರಲ್ಲಿ ಅವನು ಬಂದಿಳಿದಾಗ ಆಗ್ವೆಬಾನಾ ಎಂಬ ಒಡೆಯ ಅವನನ್ನು ಸ್ನೇಹಿತನಂತೆ ಬರಮಾಡಿಕೊಂಡ. ಸ್ಪೇನಿನವರು ಜನರನ್ನು ಹಂಚಿಕೊಂಡು ಹೊಳೆಗಳಲ್ಲಿ ಚಿನ್ನ ಜಾಲಿಸಲು ಇಳಿಸಿದರು. 1511ರಲ್ಲಿ ಆಗ್ವೆಬಾನಾನ ಉತ್ತರಾಧಿಕಾರಿಯ ಮುಂದಾಳತ್ವದಲ್ಲಿ ತೈನೋಗಳು ದಂಗೆ ಎದ್ದರು. ಅದಕ್ಕೂ ಮುಂಚೆ ನಡೆದದ್ದೆಂದು ಸ್ಪೇನಿನ ಚರಿತ್ರಕಾರ ಒವಿಯೇದೊ ಒಂದು ಘಟನೆ ಹೇಳುತ್ತಾನೆ: ಈ ಬಿಳಿಯರಿಗೆ ಸಾವುಂಟೋ ಇಲ್ಲವೋ ನೋಡೋಣವೆಂದು ಉರಯೋವಾನ್ ಎಂಬ ಒಡೆಯನ ಜನ ಸಾಲ್ಸೇದೊ ಎಂಬುವನನ್ನು ಹೊಳೆ ದಾಟಿಸುವ ನೆಪದಲ್ಲಿ ನೀರಿನಲ್ಲಿ ಮುಳುಗಿಸಿ, ಹೆಣ ದಡಕ್ಕೆ ತಂದು ಕಾದು ಕೂತರಂತೆ. ಅದು ಕೊಳೆಯತೊಡಗಿದ ಮೇಲೆ ಯುದ್ಧಕ್ಕೆ ಧೈರ್ಯ ಬಂತಂತೆ. ಕಥೆ ಎಷ್ಟು ನಿಜವೋ, ದಂಗೆಯಂತೂ ನಿಜ. ಅದು ಸೋತಿತು. ಕೆಲವೇ ವರ್ಷಗಳಲ್ಲಿ ಸಿಡುಬು ಬಂತು. ಪಠ್ಯಪುಸ್ತಕಗಳು ಇಲ್ಲಿಗೆ ‘ತೈನೋಗಳು ಅಳಿದರು’ ಎಂದು ಬರೆದು ಪುಟ ತಿರುಗಿಸುತ್ತವೆ. ಈ ಪ್ರವಾಸದಲ್ಲಿ ಕಂಡದ್ದೆಲ್ಲ ಆ ವಾಕ್ಯಕ್ಕೆ ವಿರುದ್ಧವಾಗಿತ್ತು.

ಗುರುವಾರ, ತೀಬೆಸ್

ಬೆಳಿಗ್ಗೆ ಬೇಗ ಹೊರಟು ಹೆದ್ದಾರಿಯಲ್ಲಿ ಬೆಟ್ಟ ಹತ್ತಿಳಿದು ದಕ್ಷಿಣ ತೀರದ ಪೋನ್ಸೆ ನಗರ ಸೇರಿದೆವು. ಉತ್ತರದ ಹಸಿರು ಇಲ್ಲಿಲ್ಲ. ಬೆಟ್ಟದ ಮಳೆನೆರಳಿನ ಒಣ ಸೀಮೆ. ಊರಾಚೆ ಪೋರ್ತುಗೆಸ್ ಹೊಳೆಯ ಪಕ್ಕದ ದಿಬ್ಬದಲ್ಲಿ ತೀಬೆಸ್ ಇದೆ.

1975ರಲ್ಲಿ ಎಲೋಯ್ಸ್ ಚಂಡಮಾರುತದ ಮಳೆಗೆ ಹೊಳೆ ಉಕ್ಕಿ ಮೇಲ್ಮಣ್ಣು ಕೊಚ್ಚಿಹೋದಾಗ ಇಲ್ಲಿನ ಕಲ್ಲುಗಳೂ ಮಡಕೆ ಚೂರುಗಳೂ ಹೊರಬಿದ್ದವು. ಗ್ವಾಯ್ನಿಯಾ ಎಂಬ ಸ್ಥಳೀಯ ಪುರಾತತ್ವ ಸಂಘದವರು ಅಗೆಯಲು ಶುರುಮಾಡಿದರು. ಚೆಂಡಾಟದ ಏಳು ಅಂಕಣಗಳು, ಎರಡು ಆಚರಣೆಯ ಬಯಲುಗಳು ಸಿಕ್ಕವು. ಜೊತೆಗೆ 180ಕ್ಕೂ ಹೆಚ್ಚು ಸಮಾಧಿಗಳು.

ಈ ಸಮಾಧಿಗಳೇ ತೀಬೆಸ್‌ನ ಮುಖ್ಯ ವಿಷಯ ಎಂದು ನನಗನ್ನಿಸಿತು. ಅಲ್ಲಿ ಮಲಗಿರುವವರಲ್ಲಿ ಹೆಚ್ಚಿನವರು ತೈನೋಗಳಲ್ಲ, ಅವರಿಗೂ ಹಿಂದಿನವರು. ಸುಮಾರು 2,500 ವರ್ಷಗಳ ಹಿಂದೆ ದಕ್ಷಿಣ ಅಮೆರಿಕದ ಒರಿನೋಕೊ ನದಿಯ ಕಡೆಯಿಂದ ದೋಣಿಗಳಲ್ಲಿ ಹೊರಟು, ಕೆರಿಬಿಯನ್ ದ್ವೀಪಸಾಲಿನಗುಂಟ ಬಂದು ನೆಲೆಸಿದ ಬೇಸಾಯಗಾರರು. ಕೆಂಪು ಮಡಕೆಯ ಮೇಲೆ ಬಿಳಿ ಬಣ್ಣದಲ್ಲಿ ಚಿತ್ತಾರ ಬರೆಯುತ್ತಿದ್ದರು. ಅವರು ತಮ್ಮವರನ್ನು ಮಣ್ಣು ಮಾಡಿದ ಜಾಗದ ಮೇಲೆಯೇ ನೂರಾರು ವರ್ಷಗಳ ನಂತರ ಬಂದ ಪೀಳಿಗೆಗಳು ಕಲ್ಲಿನ ಸಾಲು ನೆಟ್ಟು ಬಯಲು ಮಾಡಿಕೊಂಡವು. ಹಿರಿಯರು ಕೆಳಗೆ, ಕುಣಿತ ಆಟ ಮೇಲೆ. ಇದನ್ನು ಕಾಕತಾಳೀಯ ಎನ್ನಲು ನನಗೆ ಮನಸ್ಸಾಗದು. ತೈನೋ ಸಂಸ್ಕೃತಿ ಎಂದು ನಾವು ಕರೆಯುವುದು ಸುಮಾರು 1200ರ ಹೊತ್ತಿಗೆ ರೂಪ ಪಡೆಯಿತು ಎನ್ನುತ್ತಾರೆ. ಹಾಗಾದರೆ ಅದರ ಬೇರು ಅದಕ್ಕಿಂತ ಸಾವಿರ ವರ್ಷ ಹಿಂದಿನದು, ಇದೇ ಹೊಳೆದಂಡೆಯದು.

ಅಂಕಣಗಳಲ್ಲೊಂದು ಕುದುರೆ ಲಾಳದ ಆಕಾರದಲ್ಲಿದೆ. ಒಂದು ಬಯಲಿನ ಸುತ್ತ ಕಲ್ಲುಗಳು ಚೂಪಾಗಿ ಚಾಚಿ ನಕ್ಷತ್ರದಂತೆ ಕಾಣುತ್ತವೆ. ಸೂರ್ಯನ ಚಲನೆಗೆ ಹೊಂದಿಸಿ ಕಟ್ಟಿದ್ದು ಎಂದು ಗೈಡ್ ಹೇಳಿದರು. ಇರಬಹುದು. ಆದರೆ ಇಂಥ ನೆಲೆಗಳಿಗೆ ಬಂದವರೆಲ್ಲ ಆಕಾಶ ನೋಡಲು ಅವಸರ ಮಾಡುತ್ತಾರೆ. ನೆಲ ಹೇಳುವುದು ಇನ್ನೂ ಹೆಚ್ಚಿದೆ. 1995ರಿಂದ ಆಂಟೋನಿಯೊ ಕುರೆತ್ ಅವರ ತಂಡ ಇಲ್ಲಿ ಕೆಲಸ ಮಾಡಿದಾಗ ಗಿನಿಯಿಲಿಯ ಮೂಳೆಗಳು ಸಿಕ್ಕವು. ಅದು ಈ ದ್ವೀಪದ ಪ್ರಾಣಿಯಲ್ಲ, ದಕ್ಷಿಣ ಅಮೆರಿಕದ್ದು. ಯಾರೋ ದೋಣಿಯಲ್ಲಿ ಜೋಪಾನವಾಗಿ ತಂದು ಸಾಕಿದ್ದಾರೆ. ವಲಸೆ ಬಂದ ಮೇಲೂ ಕಡಲಾಚೆಯ ಸಂಬಂಧ ಉಳಿದಿತ್ತು ಎನ್ನಲು ಆ ಪುಟ್ಟ ಮೂಳೆಗಳು ಸಾಕು.

ಮ್ಯೂಸಿಯಮ್ಮಿನ ಗಾಜಿನ ಪೆಟ್ಟಿಗೆಯ ಮುಂದೆ ಬಹಳ ಹೊತ್ತು ನಿಂತೆ. ಒಳಗಿದ್ದದ್ದು ಮುಮ್ಮೂಲೆಯ ಕಲ್ಲು, ಅಂಗೈಯಲ್ಲಿ ಹಿಡಿಸುವಷ್ಟು. ತಳ ತುಸು ಒಳಸರಿದಿದೆ, ಎರಡು ತುದಿ ಅಡ್ಡಕ್ಕೆ ಚಾಚಿವೆ, ಮೂರನೆಯದು ಶಿಖರದಂತೆ ಮೇಲಕ್ಕೆದ್ದಿದೆ. ಒಂದು ಅಡ್ಡತುದಿಯಲ್ಲಿ ಬಾಯ್ದೆರೆದ ಮುಖ, ಇನ್ನೊಂದರಲ್ಲಿ ಮಡಚಿದ ಕಾಲು. ಉಜ್ಜಿ ಉಜ್ಜಿ ನುಣುಪು ಮಾಡಿದ ಮೈ. ಕಬ್ಬಿಣದ ಉಳಿ ಕಾಣದ ಕೈಗಳ ಕೆಲಸ. ಇದು ಸೆಮಿ, ಅಂದರೆ ದೈವ ನೆಲೆಗೊಂಡ ವಸ್ತು. ಇಂಥ ಮುಮ್ಮೂಲೆ ಕಲ್ಲುಗಳನ್ನು ಮರಗೆಣಸಿನ ಹೊಲದಲ್ಲಿ ಹೂಳುತ್ತಿದ್ದರು, ಗೆಡ್ಡೆ ಚೆನ್ನಾಗಿ ಕಟ್ಟಲೆಂದು. ಮರಗೆಣಸಿನ ದೇವರು ಯೂಕಾಹು. ಅವನಿಗೆ ತಂದೆಯಿಲ್ಲ. ತಾಯಿ ಅತಬೆಯ್, ನೀರುಗಳ ಒಡತಿ.

ಹೊರಗೆ ಮರಗಳಿಗೆಲ್ಲ ಹೆಸರು ಬರೆದಿಟ್ಟಿದ್ದಾರೆ. ಮೈಗೆ ಕಪ್ಪು ಬಳಿಯಲು ಬಳಸುತ್ತಿದ್ದ ಹಾಗುವಾ, ಕೆಂಪಿಗೆ ಬೀಹಾ (ನಮ್ಮಲ್ಲಿ ರಂಗುಮಾಲೆ ಎನ್ನುತ್ತಾರಲ್ಲ, ಅದೇ ಬೀಜ), ದೋಣಿಗೆ ಬೂರುಗದ ಜಾತಿಯ ಸೇಯ್ಬಾ. ಮರಗಳ ನಡುವೆ ಹುಲ್ಲಿನ ಗುಡಿಸಲುಗಳನ್ನು ಕಟ್ಟಿ ತೋರಿಸಿದ್ದಾರೆ. ಅವು ಹೊಸವು, ನೋಡಿ ಮುಂದೆ ಹೋಗಬಹುದು.

ಶುಕ್ರವಾರ, ಹಯೂಯ

ಪೋನ್ಸೆಯಿಂದ ಹಯೂಯ ಊರಿಗೆ ದೂರ ಕಡಿಮೆ, ತಿರುವು ಹೆಚ್ಚು. ಮಗಳು ಕಿಟಕಿ ತೆರೆದು, “ಅಮ್ಮ, ಸ್ವಲ್ಪ ನಿಧಾನ” ಎನ್ನುತ್ತಲೇ ಇದ್ದಳು. ದ್ವೀಪದ ಅತಿ ಎತ್ತರದ ಬೆಟ್ಟ ಸೆರ್ರೊ ದೆ ಪುಂತಾ ಇಲ್ಲೇ ಇದೆ, 1,338 ಮೀಟರ್. ಇಳಿಜಾರಿನಲ್ಲಿ ಕಾಫಿ, ನೆರಳಿಗೆ ಬಾಳೆ. ಊರಿನ ಹೆಸರೇ ಇಲ್ಲಿ ಆಳಿದ ತೈನೋ ಒಡೆಯ ಹಯೂಯನದು. 1950ರಲ್ಲಿ ಬ್ಲಾಂಕಾ ಕನಾಲೆಸ್ ಎಂಬ ಮಹಿಳೆ ಈ ದ್ವೀಪವನ್ನು ಆಳುವ ಅಮೆರಿಕದ ವಿರುದ್ಧ ದಂಗೆ ಎದ್ದು ಸ್ವತಂತ್ರ ಗಣರಾಜ್ಯ ಸಾರಿದ್ದೂ ಇದೇ ಊರಿನಲ್ಲಿ. ಅದನ್ನು ಅಡಗಿಸಲು ವಿಮಾನದಿಂದ ಬಾಂಬು ಹಾಕಿದರು. ಬೆಟ್ಟದ ಊರುಗಳಿಗೆ ಸುಲಭಕ್ಕೆ ತಲೆ ಬಾಗುವುದು ಒಗ್ಗುವುದಿಲ್ಲವೇನೊ.

ಸೆಮಿಯ ಆಕಾರದಲ್ಲೇ ಕಟ್ಟಿದ ಒಂದು ಮ್ಯೂಸಿಯಮ್ ಇಲ್ಲಿದೆ. ಮಕ್ಕಳಿಗೆ ಖುಷಿ ಕೊಡುತ್ತದೆ. ನಾವು ಬಂದದ್ದು ಹೊಳೆಯೊಳಗಿನ ಬಂಡೆಗಾಗಿ.

ಸಾಲಿಯೆಂತೆ ಹೊಳೆಯ ನಡುವೆ ಆ ಬಂಡೆಯಿದೆ, ಸುಮಾರು 10 ಮೀಟರ್ ಎತ್ತರ. ‘ಬರೆದ ಕಲ್ಲು’ ಎಂದೇ ಊರವರು ಕರೆಯುತ್ತಾರೆ. ರಸ್ತೆಯಿಂದ ಮರದ ಮೆಟ್ಟಿಲಿಳಿದರೆ ಕಣ್ಣೆದುರಿಗೇ ಬರುತ್ತದೆ. 50ಕ್ಕೂ ಹೆಚ್ಚು ಕೆತ್ತನೆಗಳಿವೆ. ಉರುಟು ಮುಖ, ಮೂರು ಚುಕ್ಕೆಯಲ್ಲಿ ಕಣ್ಣು ಬಾಯಿ, ಬಟ್ಟೆಯಲ್ಲಿ ಸುತ್ತಿದ ಕೂಸಿನಂಥ ಆಕೃತಿ, ಸುರುಳಿಗಳು. ಬಂಡೆಯ ಬುಡದಲ್ಲಿ ನೀರು ಮಡುಗಟ್ಟಿದೆ. ನಾವು ಹೋದಾಗ ಊರ ಹುಡುಗರು ಅದರಲ್ಲಿ ಈಜುತ್ತಿದ್ದರು. ಮೊದಲು ನನಗೆ ಇದು ಸರಿಯೇ ಎನ್ನಿಸಿತು. ಸ್ವಲ್ಪ ಹೊತ್ತು ಕೂತ ಮೇಲೆ, ಈ ಮುಖಗಳನ್ನು ಕೆತ್ತಿದವರ ಮಕ್ಕಳೂ ಇದೇ ಮಡುವಿನಲ್ಲಿ ಈಜಿರಬೇಕಲ್ಲವೇ ಎಂದು ಸಮಾಧಾನವಾಯಿತು. ಈಜುವವರಿಂದ ಕಲ್ಲಿಗೆ ಕೇಡಿಲ್ಲ. ಫೋಟೊ ಚೆನ್ನಾಗಿ ಬರಲೆಂದು ಗೆರೆಗಳಿಗೆ ಸೀಮೆಸುಣ್ಣ ತುಂಬುವವರಿಂದ ಕೇಡು. ಗೆರೆ ಕಾಣಬೇಕಿದ್ದರೆ ಬಿಸಿಲು ಓರೆಯಾಗುವವರೆಗೆ ಕಾಯಬೇಕು, ಅಷ್ಟೇ. ನಾಲ್ಕು ಗಂಟೆಯ ಹೊತ್ತಿಗೆ ಬೆಳಕು ಪಕ್ಕದಿಂದ ಬಿದ್ದಾಗ, ಮಧ್ಯಾಹ್ನ ಬರಿಗಲ್ಲೆನಿಸಿದ್ದ ಕಡೆಯೂ ಎರಡು ಮುಖಗಳು ಎದ್ದು ಬಂದವು. ಮಗಳು ಫೋನ್ ಕೆಳಗಿಟ್ಟು ಪುಸ್ತಕದಲ್ಲಿ ಅವನ್ನು ಬಿಡಿಸಿಕೊಂಡಳು.

ಕತ್ತಲಾದ ಮೇಲೆ ತಂಗಿದ್ದ ಮನೆಯ ಸುತ್ತ ಕೊಕೀ ಕಪ್ಪೆಗಳ ಕೂಗು. ಹೆಬ್ಬೆರಳಿನ ಉಗುರಿಗಿಂತ ತುಸು ದೊಡ್ಡದು, ದನಿ ಮಾತ್ರ ಕಣಿವೆ ತುಂಬುತ್ತದೆ. ಮಳೆ ಬಂದರೆ ಇನ್ನೂ ಜೋರು. ತೈನೋ ಕಲೆಯಲ್ಲಿ ಕಪ್ಪೆಗೆ ಯಾಕೆ ಅಷ್ಟು ಜಾಗ ಎಂದು ಇಲ್ಲಿ ಒಂದು ರಾತ್ರಿ ಮಲಗಿದವರು ಕೇಳುವುದಿಲ್ಲ.

ಶನಿವಾರ, ಕಾಗ್ವಾನಾ

ಉತುವಾದೊ ಪಟ್ಟಣದ ಪಶ್ಚಿಮಕ್ಕೆ ಸುಣ್ಣಕಲ್ಲಿನ ಗುಡ್ಡಗಳ ನಾಡು. ತಾನಾಮಾ ಹೊಳೆ ಇಲ್ಲಿ ಗುಹೆಗಳ ಒಳಹೊಕ್ಕು ಹೊರಬರುತ್ತ ಹರಿಯುತ್ತದೆ. ಅದರ ಮೇಲಿನ ತಟ್ಟಿನಲ್ಲಿ ಕಾಗ್ವಾನಾ. ಕೆರಿಬಿಯನ್ನಿನ ತೈನೋ ನೆಲೆಗಳಲ್ಲಿ ಒಂದನ್ನೇ ನೋಡಲು ಸಾಧ್ಯವೆಂದರೆ ಇದನ್ನು ನೋಡಿ ಎನ್ನುತ್ತೇನೆ.

1914-15ರಲ್ಲಿ ಜಾನ್ ಆಲ್ಡೆನ್ ಮೇಸನ್ ಇಲ್ಲಿ ಮೊದಲು ಅಗೆದರು. ಮಾನವಶಾಸ್ತ್ರಜ್ಞ ಫ್ರಾನ್ಸ್ ಬೋವಾಸ್ ಮುಂದಾಳಾಗಿ ನಡೆಸುತ್ತಿದ್ದ ಸಮೀಕ್ಷೆಯ ಭಾಗವದು. ಆಮೇಲೆ ಅಲೆಗ್ರಿಯಾ ಅವರ ಸಂಸ್ಕೃತಿ ಸಂಸ್ಥೆ ಜಾಗವನ್ನು ಕೊಂಡು, ಬಿದ್ದ ಕಲ್ಲುಗಳನ್ನು ಎತ್ತಿ ನಿಲ್ಲಿಸಿತು. ಕಾಲ ಸುಮಾರು 1200ರಿಂದ 1500. ದೊಡ್ಡ ಬಯಲು ಹೆಚ್ಚುಕಡಿಮೆ 50 ಮೀಟರ್ ಉದ್ದ, 37 ಮೀಟರ್ ಅಗಲ. ಸುತ್ತ ಚಿಕ್ಕ ಅಂಕಣಗಳು. ಅಂಕಣಕ್ಕೂ ಅಲ್ಲಿನ ಆಟಕ್ಕೂ ತೈನೋಗಳು ಬಾತೆಯ್ ಎನ್ನುತ್ತಿದ್ದರು. ಅಂಟುಮರದ ಹಾಲಿನ ಚೆಂಡು. ಅದು ಪುಟಿಯುವುದನ್ನು ನೋಡಿ ಸ್ಪೇನಿನವರಿಗೆ ಬೆರಗು; ಯುರೋಪಿನಲ್ಲಿ ಅಂಥ ಚೆಂಡೇ ಇರಲಿಲ್ಲ. ಕೈಯಲ್ಲಿ ಮುಟ್ಟುವ ಹಾಗಿಲ್ಲ. ಭುಜ, ಸೊಂಟ, ಮೊಣಕಾಲಿನಿಂದ ಹೊಡೆಯಬೇಕು. ಹೆಂಗಸರೂ ಆಡುತ್ತಿದ್ದರು ಎಂದು ಒವಿಯೇದೊ ಬರೆದಿದ್ದಾನೆ. ಆಟ ಮುಗಿದ ಬಯಲಿನಲ್ಲೇ ಅರೆಯ್ತೊ, ಅಂದರೆ ಹಿರಿಯರ ಕಥೆಯನ್ನು ಹಾಡುತ್ತ ಕುಣಿಯುವ ಸಾಮೂಹಿಕ ಕುಣಿತ. ಲಿಪಿಯಿಲ್ಲದ ಜನಕ್ಕೆ ಚರಿತ್ರೆ ಇದ್ದದ್ದು ಈ ಹೆಜ್ಜೆಗಳಲ್ಲಿ.

ಬಾಗಿಲು ತೆರೆದಾಗ ನಾವೇ ಮೊದಲಿಗರು. ಹುಲ್ಲು ಇನ್ನೂ ಒದ್ದೆ. ದೊಡ್ಡ ಬಯಲಿನ ಪಶ್ಚಿಮದ ಅಂಚಿನಲ್ಲಿ ಕೆತ್ತನೆಯ ಕಲ್ಲುಗಳು ಸಾಲಾಗಿ ನಿಂತಿವೆ, ಪೂರ್ವದ ಬಿಸಿಲಿಗೆ ಮುಖಕೊಟ್ಟು. ಉದ್ದ ಕತ್ತಿನ ಹಕ್ಕಿ. ತಲೆಗೆ ಪಟ್ಟಿ, ಕಿವಿಗೆ ಓಲೆ ಇರುವ ಗಂಡು ಹೆಣ್ಣು. ಅವುಗಳ ನಡುವೆ ಕಾಗ್ವಾನಾದ ಹೆಂಗಸು. ಅಗಲ ಮುಖ, ಕಿವಿಗಳಲ್ಲಿ ದೊಡ್ಡ ಬಿಲ್ಲೆ. ಕೈಗಳು ಮೇಲೆತ್ತಿ ಮಡಚಿವೆ. ಮೊಣಕಾಲುಗಳು ಎರಡು ಕಡೆಗೂ ಹೊರಳಿ, ಪಾದಗಳು ಕಪ್ಪೆಯ ಹಾಗೆ ಚಾಚಿವೆ. ಹೆರಿಗೆಗೆ ಕೂತ ತಾಯಿಯೂ ಹೌದು, ಕಪ್ಪೆಯೂ ಹೌದು. ಇವಳೇ ಅತಬೆಯ್ ಎಂದು ಬಹಳ ಜನ ವಿದ್ವಾಂಸರು ಗುರುತಿಸುತ್ತಾರೆ. ಹೊಟ್ಟೆಯ ನಡುವೆ ಹೊಕ್ಕುಳು ಎದ್ದು ಕಾಣುತ್ತದೆ.

ಆ ಹೊಕ್ಕುಳನ್ನು ಸುಮ್ಮನೆ ಕೆತ್ತಿದ್ದಲ್ಲ. ರಮೋನ್ ಪಾನೆ ಎಂಬ ಸನ್ಯಾಸಿ ಕೊಲಂಬಸ್‌ನ ಅಪ್ಪಣೆಯಂತೆ ಹಿಸ್ಪಾನಿಯೋಲಾದ ತೈನೋಗಳ ನಡುವೆ ಇದ್ದು, 1498ರ ಸುಮಾರಿಗೆ ಅವರ ನಂಬಿಕೆಗಳನ್ನು ಬರೆದಿಟ್ಟ. ಸತ್ತವರು ಹಗಲೆಲ್ಲ ಕೋಅಯ್ಬಾಯ್ ಎಂಬ ತಮ್ಮ ಸೀಮೆಯಲ್ಲಿ ಅಡಗಿದ್ದು, ರಾತ್ರಿ ಹೊರಬಂದು ಸೀಬೆಹಣ್ಣು ತಿನ್ನುತ್ತಾರೆ, ಬದುಕಿರುವವರ ಜೊತೆ ಬೆರೆಯುತ್ತಾರೆ. ಹಾಸಿಗೆಯಲ್ಲಿ ಪಕ್ಕ ಬಂದು ಮಲಗುವುದೂ ಉಂಟು. ಗುರುತಿಸುವುದು ಹೇಗೆ? ಹೊಟ್ಟೆ ತಡವಿ ನೋಡಬೇಕು. ಸತ್ತವರಿಗೆ ಹೊಕ್ಕುಳಿಲ್ಲ. ರಾತ್ರಿ ಹಾರಿ ಸೀಬೆ ತಿನ್ನುವ ಬಾವಲಿಗಳು ಈ ಗುಡ್ಡಗಳ ಗುಹೆಗಳಲ್ಲಿ ತುಂಬಿವೆ. ತೈನೋ ಮಡಕೆಗಳ ಮೇಲೆ ಬಾವಲಿಯ ಮುಖ ಮತ್ತೆ ಮತ್ತೆ ಬರುತ್ತದೆ. ಇಷ್ಟು ತಿಳಿದು ಆ ಕಲ್ಲಿನ ಮುಂದೆ ನಿಂತರೆ, ಅಷ್ಟು ದೊಡ್ಡದಾಗಿ ಹೊಕ್ಕುಳು ಕೆತ್ತಿದವನು ‘ಇವಳು ಬದುಕಿದ್ದಾಳೆ’ ಎಂದು ಹೇಳುತ್ತಿದ್ದಾನೆ ಎನ್ನಿಸುತ್ತದೆ.

2005ರಲ್ಲಿ ತೈನೋ ಹೋರಾಟಗಾರರು ಈ ಬಯಲಿನಲ್ಲಿ ಧರಣಿ ಕೂತರು. ತಮ್ಮ ಪವಿತ್ರ ಜಾಗಗಳ ಮೇಲೆ ತಮಗೆ ಹಕ್ಕಿರಬೇಕು, ಅಗೆದು ತೆಗೆದ ಹಿರಿಯರ ಅಸ್ಥಿಗಳಿಗೆ ಗೌರವ ಸಿಗಬೇಕು ಎಂಬುದು ಅವರ ಬೇಡಿಕೆ. ಪುರಾತತ್ವ ಇಲಾಖೆಯೊಂದು ಜಾಗವನ್ನು ಜೋಪಾನ ಮಾಡುವುದಕ್ಕೂ ಅಲ್ಲಿ ಪೂಜೆ ನಡೆಯುವುದಕ್ಕೂ ತಿಕ್ಕಾಟ ಬರುವುದು ನಮಗೆ ಹೊಸದಲ್ಲ. ನಾನು ಧರಣಿ ಕೂತವರ ಪಕ್ಷ. ಅವರಿಲ್ಲದಿದ್ದರೆ ಇದು ಚೆನ್ನಾಗಿ ಹುಲ್ಲು ಕತ್ತರಿಸಿದ ಉದ್ಯಾನವಾಗಿ ಉಳಿದುಬಿಡುತ್ತದೆ.

ಭಾನುವಾರ, ಅರೆಸೀಬೊ ಮತ್ತು ಲೊಯೀಸ

ಉತ್ತರಕ್ಕಿಳಿದರೆ ಅರೆಸೀಬೊ. ಇಲ್ಲಿನ ಗುಡ್ಡದ ಬಟ್ಟಲಿನಲ್ಲಿದ್ದ ರೇಡಿಯೊ ದೂರದರ್ಶಕ 2020ರ ಡಿಸೆಂಬರಿನಲ್ಲಿ ಕುಸಿದುಬಿತ್ತು. ನಾವು ನಿಂತದ್ದು ಕಡಲಂಚಿನ ಇಂಡಿಯನ್ ಗುಹೆಯಲ್ಲಿ. ಅಲೆ ಕೊರೆದ ಬಂಡೆಯೊಳಗಿಳಿದರೆ ಗೋಡೆ ತುಂಬ ಮುಖಗಳು, ಕೆಳಗೆ ನೀರಿನ ಮೊರೆತ. ಮಗಳಿಗೆ ಅಲ್ಲಿ ಪಾನೆ ಬರೆದಿಟ್ಟ ಕಡಲಿನ ಕಥೆ ಹೇಳಿದೆ. ಯಾಯಾ ಎಂಬುವನು ತನ್ನನ್ನು ಕೊಲ್ಲಲು ಬಂದ ಮಗನನ್ನು ಕೊಂದು, ಮೂಳೆಗಳನ್ನು ಸೋರೆಬುರುಡೆಯಲ್ಲಿಟ್ಟು ಮನೆಯ ಸೂರಿಗೆ ತೂಗುಹಾಕಿದ. ಒಂದು ದಿನ ಇಳಿಸಿ ನೋಡಿದರೆ ಮೂಳೆಗಳೆಲ್ಲ ಮೀನಾಗಿದ್ದವು. ಯಾಯಾ ಮನೆಯಲ್ಲಿಲ್ಲದಾಗ ಒಂದೇ ಹೆರಿಗೆಯಲ್ಲಿ ಹುಟ್ಟಿದ ನಾಲ್ವರು ಸಹೋದರರು ಬಂದು ಮೀನು ತಿನ್ನತೊಡಗಿದರು. ಅವನ ಸಪ್ಪಳ ಕೇಳಿ ಗಡಿಬಿಡಿಯಲ್ಲಿ ಬುರುಡೆಯನ್ನು ಸರಿಯಾಗಿ ತೂಗುಹಾಕಲಿಲ್ಲ. ಅದು ಬಿದ್ದು ಒಡೆದು, ಹರಿದ ನೀರೇ ಕಡಲಾಯಿತು. “ಮಗನ ಮೂಳೆಯಿಂದ ಮೀನಾ?” ಎಂದು ಅವಳು ಮುಖ ಸಿಂಡರಿಸಿದಳು. ಆಮೇಲೆ ಬಹಳ ಹೊತ್ತು ಕಡಲನ್ನೇ ನೋಡುತ್ತಿದ್ದಳು.

ಪಶ್ಚಿಮದ ಕಡಲಿನಲ್ಲಿರುವ ಮೋನಾ ದ್ವೀಪದ ಗುಹೆಗಳಿಗೆ ಹೋಗಲು ಮೊದಲೇ ಪರವಾನಗಿ ಪಡೆಯಬೇಕು, ಈ ಸಲ ಆಗಲಿಲ್ಲ. ಅಲ್ಲಿ ಮೆದು ಗೋಡೆಗಳ ಮೇಲೆ ತೈನೋಗಳು ಬೆರಳಿನಿಂದಲೇ ಎಳೆದ ಗೆರೆಗಳಿವೆ. ಅದೇ ಗೋಡೆಗಳಲ್ಲಿ 16ನೆಯ ಶತಮಾನದ ಯುರೋಪಿನವರು ಶಿಲುಬೆ ಕೊರೆದು, ‘ದೇವರು ನಿನ್ನನ್ನು ಕ್ಷಮಿಸಲಿ’ ಎಂದು ಬರೆದದ್ದನ್ನು ಜಾಗೊ ಕೂಪರ್, ಆಲಿಸ್ ಸ್ಯಾಮ್ಸನ್ ಮತ್ತವರ ಸಂಗಡಿಗರು 2016ರಲ್ಲಿ ಪ್ರಕಟಿಸಿದರು.

ಮಧ್ಯಾಹ್ನ ಪೂರ್ವಕ್ಕೆ ಲೊಯೀಸ. ಆಫ್ರಿಕಾದಿಂದ ಗುಲಾಮರಾಗಿ ತಂದವರ ಸಂತತಿಯ ಊರು. ಹೆಸರು ಮಾತ್ರ ಇಲ್ಲಿ ಆಳಿದಳೆನ್ನುವ ತೈನೋ ಒಡತಿಯದು ಎಂದು ಊರವರು ಹೇಳುತ್ತಾರೆ. ಊರಂಚಿನ ಮರಿಯಾ ದೆ ಲಾ ಕ್ರೂಸ್ ಗುಹೆಯಲ್ಲಿ 1948ರಲ್ಲಿ ಅಲೆಗ್ರಿಯಾ ಅಗೆದಾಗ, ಮಡಕೆ ಮಾಡುವುದನ್ನೂ ಅರಿಯದಿದ್ದ ಇನ್ನೂ ಹಿಂದಿನ ಜನರ ಕುರುಹು ಸಿಕ್ಕಿತು. ತೀಬೆಸ್‌ನವರಿಗೂ ಮೊದಲು ಇಲ್ಲಿ ಜನರಿದ್ದರು.

ಗುಹೆಗಿಂತ ಹೆಚ್ಚು ಹೊತ್ತು ಕಳೆದದ್ದು ರಸ್ತೆಬದಿಯ ಒಂದು ಅಡುಗೆಮನೆಯಲ್ಲಿ. ಕಟ್ಟಿಗೆ ಒಲೆ, ಮೇಲೆ ಅಗಲವಾದ ಬುರೇನ್. ಅದು ನಮ್ಮ ರೊಟ್ಟಿ ಹೆಂಚಿನ ದೊಡ್ಡಕ್ಕನಂತಿತ್ತು. ತೈನೋಗಳದು ಸುಟ್ಟ ಮಣ್ಣಿನದು, ಇದು ಕಬ್ಬಿಣದ್ದು. ವಯಸ್ಸಾದ ಒಬ್ಬ ಅಮ್ಮ ತುರಿದು ಹಿಂಡಿದ ಮರಗೆಣಸಿನ ಹಿಟ್ಟನ್ನು, ನೀರು ಹಾಕದೆ, ಎಣ್ಣೆ ಹಾಕದೆ, ಬಿಸಿ ತಗಡಿನ ಮೇಲೆ ಉದುರಿಸಿ ಅಂಗೈಯಲ್ಲಿ ವೃತ್ತವಾಗಿ ಸವರಿದರು. ಉದುರುದುರಾಗಿದ್ದ ಹಿಟ್ಟು ಕಾವಿಗೆ ತಾನಾಗಿ ಅಂಟಿಕೊಂಡು ಹಾಳೆಯಾಯಿತು. ಅಂಚು ಎದ್ದದ್ದೇ ತಿರುವಿ ಹಾಕಿದರು. ಇದು ಕಸಾಬೆ. ಕಹಿ ಜಾತಿಯ ಮರಗೆಣಸಿನಲ್ಲಿ ಸೈನೈಡ್ ವಿಷವಿರುತ್ತದೆ. ತೈನೋಗಳು ಅದನ್ನು ತುರಿದು, ಸಿಬುಕಾನ್ ಎಂಬ ಉದ್ದನೆಯ ಹೆಣೆದ ಚೀಲಕ್ಕೆ ತುಂಬಿ, ಜಗ್ಗಿ ರಸ ಇಳಿಸಿ, ಬಳಿಕ ಬೇಯಿಸುತ್ತಿದ್ದರು. ಒಣಗಿಸಿಟ್ಟರೆ ತಿಂಗಳುಗಟ್ಟಲೆ ಕೆಡದು. ಸ್ಪೇನಿನ ಹಡಗುಗಳೂ ಬುತ್ತಿಗೆ ಇದನ್ನೇ ಒಯ್ಯುತ್ತಿದ್ದವು. ಅಮೆರಿಕ ಖಂಡದ ಈ ಗೆಡ್ಡೆ ಪೋರ್ಚುಗೀಸರ ಮೂಲಕ ನಮ್ಮ ಕಡೆಗೂ ಬಂತು. ಉಪವಾಸದ ದಿನ ನಾವು ಮಾಡುವ ಸಬ್ಬಕ್ಕಿ ಖಿಚಡಿಯ ಸಬ್ಬಕ್ಕಿ ಇದರದೇ ಪಿಷ್ಟ.

“ಯಾರಿಂದ ಕಲಿತಿರಿ?” ಎಂದು ಮಗಳು ಕೇಳಿದಳು. ಅಜ್ಜಿಯಿಂದ, ಅಜ್ಜಿ ಅವರ ಅಮ್ಮನಿಂದ ಎಂದರು. ಬೆಟ್ಟಕ್ಕೆ ಓಡಿಹೋದ ತೈನೋಗಳೂ ಗುಲಾಮಗಿರಿಯಿಂದ ತಪ್ಪಿಸಿಕೊಂಡ ಆಫ್ರಿಕನ್ನರೂ ಒಟ್ಟಿಗೆ ಬದುಕಿದ ಕಾಲದಲ್ಲಿ ಈ ಕೈಕೆಲಸ ಒಬ್ಬರಿಂದೊಬ್ಬರಿಗೆ ದಾಟಿರಬೇಕು. ಹ್ವಾನ್ ಕಾರ್ಲೊಸ್ ಮಾರ್ತಿನೆಸ್ ಕ್ರೂಸಾದೊ ಅವರ ಅಧ್ಯಯನದಲ್ಲಿ, ತಾಯಿಯಿಂದ ಮಾತ್ರ ಮಕ್ಕಳಿಗೆ ಇಳಿಯುವ ಮೈಟೊಕಾಂಡ್ರಿಯಾದ ಡಿಎನ್‌ಎ ನೋಡಿದಾಗ, ಪೋರ್ಟೊರಿಕೊದವರಲ್ಲಿ ಸುಮಾರು 61 ಶೇಕಡ ಮಂದಿಯ ತಾಯಿಬೇರು ಮೂಲನಿವಾಸಿಗಳದೆಂದು ಕಂಡುಬಂತು. 2010ರ ಜನಗಣತಿಯಲ್ಲಿ ಸುಮಾರು 20 ಸಾವಿರ ಜನ ತಾವು ಮೂಲನಿವಾಸಿಗಳೆಂದು ಬರೆಸಿದರು. ಸ್ಪೇನಿನ ಕಾಲದಲ್ಲಿ ಲೆಕ್ಕದಿಂದ ಅಳಿಸಿಹೋದವರು ಲೆಕ್ಕಕ್ಕೆ ಮರಳುತ್ತಿದ್ದಾರೆ.

ಬಿಸಿ ಕಸಾಬೆಗೆ ಬೆಳ್ಳುಳ್ಳಿ ಸವರಿ ಕೊಟ್ಟರು. ಮರಳುವ ವಿಮಾನ ಸಂಜೆಗಿತ್ತು. ಮೂರು ಕಸಾಬೆ ಕಟ್ಟಿಸಿಕೊಂಡೆವು. ಹೋಗುವವರಿಗೆ ನನ್ನ ಸಲಹೆ ಇಷ್ಟು: ತೀಬೆಸ್ ಮೊದಲು ನೋಡಿ, ಕಾಗ್ವಾನಾ ಆಮೇಲೆ, ಆಗ ಕಾಲದ ಕ್ರಮ ಕಣ್ಣಿಗೆ ಕಟ್ಟುತ್ತದೆ. ವಾರದ ಮೊದಲೆರಡು ದಿನ ಬಾಗಿಲು ಹಾಕಿರುವುದುಂಟು, ಫೋನ್ ಮಾಡಿ ಹೊರಡಿ. ಲೊಯೀಸಕ್ಕೆ ಹಸಿದು ಹೋಗಿ.